ಮಗುವನ್ನು ಚಿತ್ರೀಕರಣಕ್ಕೆ ಕಳುಹಿಸುವ ಮುನ್ನ

ಮಗುವಿಗೆ ನಟನೆಯ ಒಲವಿದ್ದರೆ ಮೈಸೂರಿನ ಪೋಷಕರು ಮೊದಲು ಬೇಸಿಗೆ ರಜೆಯಲ್ಲಿ ರಂಗಾಯಣದ ಮಕ್ಕಳ ರಂಗ ಶಿಬಿರವಾದ ಚಿಣ್ಣರ ಮೇಳಕ್ಕೆ ಸೇರಿಸುವುದು ಒಳ್ಳೆಯದು. ದುಬಾರಿ ಫೋಟೋ ಆಲ್ಬಮ್ಮಿಗೆ ಆತುರ ಬೇಡ. ‘ಹ್ಯಾರಿ ಪಾಟರ್’ ಚಿತ್ರಗಳ ನಟ, ಬ್ರಿಟನ್ನಿನ ಡೇನಿಯಲ್ ರ್ಯಾಡ್‌ಕ್ಲಿಫ್ ಕೂಡ 1999ರಲ್ಲಿ ಬಿಬಿಸಿ ಕಿರುತೆರೆಯಲ್ಲಿ ಕಾಣಿಸಿಕೊಂಡ ಮೇಲೆಯೇ 2001ರಲ್ಲಿ ಹಿರಿತೆರೆಯ ನಾಯಕನಾದದ್ದು. ಅಲ್ಲಿ ಬಾಲನಟರಿಗೆ ಸ್ಥಳೀಯ ಕೌನ್ಸಿಲ್ಲಿನ ಪರವಾನಗಿ ಬೇಕು.

ನಮ್ಮಲ್ಲಿ ಚಿತ್ರೀಕರಣ ನಡೆಯುವ ಜಿಲ್ಲೆಯ ದಂಡಾಧಿಕಾರಿಯ ಅನುಮತಿಯನ್ನು ನಿರ್ಮಾಪಕರೇ ಪಡೆಯಬೇಕು. ಆದ್ದರಿಂದ ಮಗು ಮೈಸೂರಿನದಾದರೂ ಮೇಲುಕೋಟೆಯ ಕಲ್ಯಾಣಿಯ ಬಳಿ ದೃಶ್ಯ ತೆಗೆಯುವುದಾದರೆ ಮಂಡ್ಯ ಜಿಲ್ಲೆಯ ಅನುಮತಿ ಪತ್ರವನ್ನೇ ಕೇಳಿ ನೋಡಿ. ದಿನಕ್ಕೆ 5 ಗಂಟೆಗಿಂತ ಹೆಚ್ಚು, ಬಿಡುವಿಲ್ಲದೆ 3 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ. ಆದರೆ ಬೆಳಿಗ್ಗೆ ಆರಕ್ಕೆ ಬಣ್ಣ ಹಚ್ಚಿ, ಮಧ್ಯಾಹ್ನದವರೆಗೆ ಮರದಡಿ ಕೂರಿಸಿ, ಆಮೇಲೆ ಕ್ಯಾಮೆರಾ ಮುಂದೆ ನಿಲ್ಲಿಸುವ ಸಂದರ್ಭವೂ ಬರಬಹುದಾದ್ದರಿಂದ, ಮಗು ಎಷ್ಟಕ್ಕೆ ಬಂದು ಎಷ್ಟಕ್ಕೆ ಹೊರಡುತ್ತದೆ ಎಂಬುದನ್ನು ಒಪ್ಪಂದದಲ್ಲಿಯೇ ಬರೆಸಿಕೊಳ್ಳಿ. ಸತತವಾಗಿ 27 ದಿನಗಳಿಗಿಂತ ಹೆಚ್ಚು ಕೆಲಸ ಮಾಡಿಸುವುದಕ್ಕೂ ನಿಷೇಧವಿದೆ.

ಸಂಭಾವನೆಯ ಕನಿಷ್ಠ ಶೇ. 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿನ ನಿಶ್ಚಿತ ಠೇವಣಿಗೆ ಹಾಕಬೇಕು. ಆ ಠೇವಣಿಯ ರಸೀದಿ ಕೈಸೇರುವವರೆಗೆ ನಿರ್ಮಾಪಕರ ಕಚೇರಿಗೆ ಫೋನ್ ಮಾಡಲು ಸಂಕೋಚಪಡಬೇಡಿ.