ಜಪಾನಿಗೆ ಹೊಸದಾಗಿ ಬಂದಿದ್ದೀರಾ? ಮೊದಲು ಕಸ ಹಾಕುವುದು ಕಲಿಯಿರಿ

ಜಪಾನಿನಲ್ಲಿ ಮನೆ ಹಿಡಿದ ಮೊದಲ ವಾರ ನಾನು ರಾತ್ರಿಯೇ ಕಸದ ಚೀಲ ಹೊರಗಿಟ್ಟು ಮಲಗಿದ್ದೆ. ಬೆಳಿಗ್ಗೆ ನೋಡಿದರೆ ಕಾಗೆಗಳು ಅದನ್ನು ಕುಕ್ಕಿ ಹರಿದು ರಸ್ತೆ ತುಂಬಾ ಎಳೆದಾಡಿದ್ದವು, ಎದುರುಮನೆ ಅಜ್ಜಿ ಏನೂ ಹೇಳದೆ ಪೊರಕೆ ಹಿಡಿದು ಗುಡಿಸುತ್ತಿದ್ದರು. ಬೈದಿದ್ದರೇ ವಾಸಿಯಿತ್ತು.

ಇಲ್ಲಿ ಕಸ ಬೆಳಗಿನ ಕೆಲಸ. ಆಯಾ ಕಸದ ದಿನ, ಸಾಮಾನ್ಯವಾಗಿ 8 ಗಂಟೆಯೊಳಗೆ, ನಿಮ್ಮ ಬೀದಿಗೆ ಗೊತ್ತು ಮಾಡಿದ ಜಾಗದಲ್ಲೇ ಇಡಬೇಕು. ಅಲ್ಲಿ ಬಲೆ ಇದ್ದರೆ ಚೀಲ ಪೂರ್ತಿ ಅದರಡಿ ತಳ್ಳಿ. ಯಾವ ದಿನ ಯಾವ ಕಸ ಅನ್ನುವುದು ಊರಿಂದೂರಿಗೆ ಬೇರೆ, ಹಾಗಾಗಿ ಇನ್ನೊಂದು ಊರಿನ ಗೆಳೆಯರ ಮಾತು ನಂಬಬೇಡಿ. ವಿಳಾಸ ನೋಂದಾಯಿಸಲು ವಾರ್ಡ್ ಆಫೀಸಿಗೆ ಹೋಗುತ್ತೀರಲ್ವಾ, ಅಲ್ಲೇ ಕಸದ ಕ್ಯಾಲೆಂಡರ್ ಕೇಳಿ. ಇಂಗ್ಲಿಷಿನದ್ದೂ ಬಹಳ ಕಡೆ ಸಿಗುತ್ತದೆ. ಕೆಲವು ಊರುಗಳಲ್ಲಿ ಆ ಊರಿನದೇ ಚೀಲ ಕೊಳ್ಳಬೇಕು, ಬೇರೆ ಚೀಲ ಒಯ್ಯುವುದಿಲ್ಲ.

'ಮೊಯೆರು ಗೋಮಿ' ಅಂದರೆ ಸುಡುವ ಕಸ. ಅಡುಗೆಮನೆಯದ್ದು ಇದಕ್ಕೇ, ಹೆಚ್ಚಿನ ಕಡೆ ವಾರಕ್ಕೆ 2 ಸಲ. ನೀರು ಚೆನ್ನಾಗಿ ಹಿಂಡಿ ಹಾಕಿ. ಕರಿದ ಎಣ್ಣೆ ಸಿಂಕಿಗೆ ಸುರಿಯಲೇಬೇಡಿ. ಎಣ್ಣೆ ಗಟ್ಟಿ ಮಾಡುವ ಪುಡಿ ಸೂಪರ್‌ಮಾರ್ಕೆಟ್ಟಿನಲ್ಲಿ ಸಿಗುತ್ತದೆ, ಬಿಸಿ ಇರುವಾಗಲೇ ಕಲಸಿಟ್ಟರೆ ಆರಿದ ಮೇಲೆ ಇಡೀ ಎಣ್ಣೆ ಬಿಲ್ಲೆಯಂತೆ ಬಾಣಲೆ ಬಿಟ್ಟು ಎದ್ದು ಬರುತ್ತದೆ. ನೋಡೋಕೇ ಮಜಾ.

ನೀರು, ಜ್ಯೂಸ್ ಬಾಟಲಿಗೆ ಮುಚ್ಚಳ ಬೇರೆ, ಲೇಬಲ್ ಬೇರೆ, ತೊಳೆದ ಬಾಟಲಿ ಬೇರೆ. ಲೇಬಲ್ ಮೇಲೆ ಚುಕ್ಕಿಗೆರೆ ಇರುತ್ತದೆ, ಅಲ್ಲಿ ಉಗುರು ಸಿಕ್ಕಿಸಿ ಎಳೆದರೆ ಸರ್ರನೆ ಬಿಚ್ಚಿಕೊಳ್ಳುತ್ತದೆ. ಹಾಲಿನ ಪೊಟ್ಟಣ ತೊಳೆದು, ಕತ್ತರಿಸಿ, ಬಿಡಿಸಿ ಒಣಗಿಸಬೇಕು. ಇದೇ ಜಾಸ್ತಿ ಆಯ್ತು ಅನಿಸಿದರೆ ಕಾಮಿಕತ್ಸು ಅನ್ನುವ ಊರಿದೆ, ಅಲ್ಲಿ 40ಕ್ಕೂ ಹೆಚ್ಚು ಬಗೆ ಮಾಡುತ್ತಾರೆ.

ಮಂಚ, ಸೋಫಾದಂಥ ದೊಡ್ಡ ಸಾಮಾನು 'ಸೊದಾಯ್ ಗೋಮಿ'. ಮೊದಲು ದಿನ ಬುಕ್ ಮಾಡಿ, ಕನ್ವೀನಿಯನ್ಸ್ ಸ್ಟೋರಿನಲ್ಲಿ ಸ್ಟಿಕರ್ ಕೊಂಡು ಅಂಟಿಸಿ ಇಡಬೇಕು. ದಿನ ಸಿಗಲು ವಾರಗಟ್ಟಲೆ ಆಗಬಹುದು, ಮನೆ ಖಾಲಿ ಮಾಡುವವರು ಒಂದು ತಿಂಗಳು ಮುಂಚೆಯೇ ಶುರು ಮಾಡಿ. ಟಿವಿ, ಫ್ರಿಜ್, ಎಸಿ, ವಾಷಿಂಗ್ ಮೆಷಿನ್ ಇದಕ್ಕೂ ಸೇರುವುದಿಲ್ಲ. 2001ರಿಂದ ಅದಕ್ಕೆ ಬೇರೆಯೇ ಕಾನೂನಿದೆ, ರಿಸೈಕಲ್ ಶುಲ್ಕ ಕೊಟ್ಟು ಎಲೆಕ್ಟ್ರಾನಿಕ್ಸ್ ಅಂಗಡಿಯ ಮೂಲಕ ಕಳಿಸಬೇಕು.

ತಪ್ಪಾದರೆ ಚೀಲಕ್ಕೊಂದು ಚೀಟಿ ಅಂಟಿಸಿ ಅಲ್ಲೇ ಬಿಟ್ಟು ಹೋಗುತ್ತಾರೆ. ಕಂಡೂ ಕಾಣದ ಹಾಗೆ ಓಡಾಡಬೇಡಿ, ಮನೆಗೆ ತಂದು ಮತ್ತೆ ವಿಂಗಡಿಸಿ. ಒಳಗಿರುವುದು ಕಾಣುವ ಚೀಲ ಅದು. ಯಾರದ್ದು ಅಂತ ಸಂಜೆಯೊಳಗೆ ಬೀದಿಗೆಲ್ಲ ಗೊತ್ತಾಗಿರುತ್ತದೆ.