ವಿಎಫ್‌ಎಕ್ಸ್ ಕೆಲಸದಿಂದ ನಿರ್ದೇಶನಕ್ಕೆ: ಮಲೆನಾಡಿನಲ್ಲಿ ಮೊದಲ ಕಿರುಚಿತ್ರಗಳು

ಸಿನಿಮಾದ ದೃಶ್ಯಗಳನ್ನು ಕಂಪ್ಯೂಟರಿನಲ್ಲಿ ಸೃಷ್ಟಿಸುವ, ತಿದ್ದುವ ವಿಎಫ್‌ಎಕ್ಸ್ (ವಿಷುವಲ್ ಎಫೆಕ್ಟ್ಸ್) ಕಲಾವಿದರು ನಿರ್ದೇಶನಕ್ಕೆ ಇಳಿಯುವ ಹೊತ್ತಿಗೆ ಚೌಕಟ್ಟು, ಲೆನ್ಸ್, ಬೆಳಕು ಇವೆಲ್ಲ ಅವರಿಗೆ ಕರಗತವಾಗಿರುತ್ತವೆ. ಕಲಿಯಬೇಕಾಗಿರುವುದು ನಟರೊಂದಿಗೆ ಕೆಲಸ ಮಾಡುವ ಬಗೆ. ಬ್ರಿಟನ್ನಿನ ಗ್ಯಾರೆತ್ ಎಡ್ವರ್ಡ್ಸ್ 2010ರ ‘ಮಾನ್‌ಸ್ಟರ್ಸ್’ ಚಿತ್ರವನ್ನು ಬೆರಳೆಣಿಕೆಯ ತಂಡದೊಂದಿಗೆ ಚಿತ್ರೀಕರಿಸಿ ಅದರ ಎಫೆಕ್ಟ್‌ಗಳನ್ನೂ ತಾವೇ ಮಾಡಿದರು. ಆದರೂ ಆ ಚಿತ್ರವನ್ನು ಎತ್ತಿ ಹಿಡಿಯುವುದು ಜೊತೆಯಾಗಿ ಪ್ರಯಾಣ ಮಾಡುವ ಇಬ್ಬರ ನಡುವಿನ ಸಂಬಂಧ.

ಆದ್ದರಿಂದ ಮೊದಲ ಕಿರುಚಿತ್ರವನ್ನು ಒಂದೂ ಎಫೆಕ್ಟ್ ಇಲ್ಲದೆ ಮಾಡಿ. ಒಂದು ಮನೆಯ ಜಗಲಿ, ಇಬ್ಬರು ಪಾತ್ರಧಾರಿಗಳು, ಐದು ನಿಮಿಷ ಸಾಕು. ಸಾಗರ ತಾಲ್ಲೂಕಿನ ಹೆಗ್ಗೋಡಿನಲ್ಲಿ 1949ರಲ್ಲಿ ಹುಟ್ಟಿದ ನೀನಾಸಂನಿಂದಾಗಿ ಶಿವಮೊಗ್ಗದ ಸುತ್ತ ರಂಗಭೂಮಿಯಲ್ಲಿ ಪಳಗಿದ ನಟರು ಸಿಗುತ್ತಾರೆ. ಅಂಥವರೊಂದಿಗೆ ಕ್ಯಾಮೆರಾ ಇಲ್ಲದೆ ತಾಲೀಮು ನಡೆಸಿ. ‘ಸ್ವಲ್ಪ ಎಡಕ್ಕೆ ತಿರುಗಿ’ ಎನ್ನುವುದು ಕಂಪೋಸಿಟಿಂಗ್ (ಬೇರೆ ಬೇರೆ ಚಿತ್ರಗಳನ್ನು ಒಂದೇ ಚೌಕಟ್ಟಿನಲ್ಲಿ ಬೆಸೆಯುವ ಕೆಲಸ) ಮಾಡುವವರ ಅಭ್ಯಾಸ. ಅದರ ಬದಲು ‘ಮಗ ಬೆಂಗಳೂರಿಗೆ ಹೋಗುವುದು ನಿಮಗೆ ಇಷ್ಟವಿಲ್ಲ, ಆದರೆ ಬಾಯಿಬಿಟ್ಟು ಹೇಳುವಂತಿಲ್ಲ’ ಎಂದು ಹೇಳಿ ನೋಡಿ, ಎಲ್ಲಿ ಮುಖ ತಿರುಗಿಸಬೇಕೆಂಬುದನ್ನು ನಟರೇ ಕಂಡುಕೊಳ್ಳುತ್ತಾರೆ.

ಎರಡನೆಯ ಚಿತ್ರದಲ್ಲಿ ಮೂರು ನಾಲ್ಕು ಎಫೆಕ್ಟ್ ಶಾಟ್‌ಗಳಿರಲಿ. ತೋಟದ ನಡುವೆ ಹಸಿರು ಪರದೆಯನ್ನು ನಂಬಬೇಡಿ, ಕೀಯಿಂಗ್ ಮಾಡುವಾಗ (ಪರದೆಯ ಬಣ್ಣವನ್ನು ಕಂಪ್ಯೂಟರಿನಲ್ಲಿ ಅಳಿಸುವಾಗ) ಎಲೆಗಳೂ ಜೊತೆಗೇ ಮಾಯವಾಗುತ್ತವೆ. ನೀಲಿ ಬಟ್ಟೆಯ ಪರದೆ ಮೇಲು. ಅಡಿಕೆ ಮರದ ಕಾಂಡದ ಮೇಲಿನ ಉಂಗುರದಂಥ ಗೆರೆಗಳು ಒಂದರಂತೆ ಒಂದಿರುವುದರಿಂದ, ಕ್ಯಾಮೆರಾದ ಚಲನೆಯನ್ನು ಲೆಕ್ಕಹಾಕುವ ಟ್ರ್ಯಾಕಿಂಗ್ ಸಾಫ್ಟ್‌ವೇರ್ ಒಂದನ್ನು ಇನ್ನೊಂದೆಂದು ಹಿಡಿದು ದಾರಿ ತಪ್ಪಬಹುದು. ಆದಕಾರಣ ಬೇರೆ ಬೇರೆ ಆಕಾರದ ಮಾರ್ಕರ್‌ಗಳನ್ನು (ಗುರುತುಗಳನ್ನು) ಬೇರೆ ಬೇರೆ ಎತ್ತರದಲ್ಲಿ, ಹಿಂದೆ ಮುಂದೆ ಇರುವ ಮರಗಳಿಗೆ ಅಂಟಿಸಿ, ಲೆನ್ಸ್, ಕ್ಯಾಮೆರಾದ ಎತ್ತರ ಮತ್ತು ನಟರಿಗಿರುವ ದೂರವನ್ನು ಬರೆದಿಟ್ಟುಕೊಳ್ಳಿ. ಆಗುಂಬೆಯ ಕಡೆ ಮಳೆಗಾಲದಲ್ಲಿ ಮಂಜು ನೋಡನೋಡುತ್ತಿದ್ದಂತೆ ಬದಲಾಗುವುದರಿಂದ, ನಟರಿಲ್ಲದ ಖಾಲಿ ಪ್ಲೇಟನ್ನು (ಅದೇ ಚೌಕಟ್ಟಿನ ಬರಿಯ ಹಿನ್ನೆಲೆಯ ಶಾಟನ್ನು) ಸಂಜೆಗೆ ಉಳಿಸದೆ ಪ್ರತಿ ಟೇಕ್‌ನ ಬೆನ್ನಿಗೇ ತೆಗೆಯಬೇಕು.

ಸೆಟ್ಟಿನಲ್ಲಿ ‘ಆಮೇಲೆ ಸರಿಮಾಡೋಣ’ ಎಂಬ ಮಾತು ಬೇಡ. ಸೆಕೆಂಡಿಗೆ 24 ಫ್ರೇಮ್‌ನಂತೆ ಹತ್ತು ಸೆಕೆಂಡಿನ ಶಾಟ್ ಎಂದರೆ 240 ಫ್ರೇಮ್‌ಗಳ ರೋಟೊ, ಅಂದರೆ ಒಂದೊಂದು ಫ್ರೇಮ್‌ನಲ್ಲೂ ಆಕೃತಿಯ ಅಂಚನ್ನು ಗುರುತಿಸಿ ಬೇರ್ಪಡಿಸುವ ಕೆಲಸ. ಆ ದುಡಿಮೆಯನ್ನು ಸ್ವತಃ ಬಲ್ಲವರು ಅದನ್ನು ಇನ್ನೊಬ್ಬರ ತಲೆಗೆ ಕಟ್ಟುವುದು ಅನ್ಯಾಯವೆಂದೇ ನನ್ನ ಅಭಿಪ್ರಾಯ.

ಮೊದಲ ಸಂಕಲನವನ್ನು ಎಫೆಕ್ಟ್ ಸೇರಿಸದೆ ಮುಗಿಸಿ, ಸಿನಿಮಾ ಕೆಲಸದ ಗಂಧವಿಲ್ಲದ ನಾಲ್ಕು ಜನರಿಗೆ ತೋರಿಸಿ. ಅವರಿಗೆ ಕತೆ ಹಿಡಿಯದ ಕಡೆಯಲ್ಲಿ ಎಫೆಕ್ಟ್‌ನಿಂದ ತೇಪೆ ಹಾಕಬೇಡಿ, ಆ ದೃಶ್ಯವನ್ನೇ ಮತ್ತೆ ಚಿತ್ರೀಕರಿಸಿ.