ಹೆಂಡತಿ ಕಡೆ ಅಜ್ಜಿಯ ತವರುಮನೆ ಹುಡುಕಿದ ಕಥೆ

ನಮ್ಮೂರಿಗೆ ಹೆಳವರು ಎತ್ತಿನ ಮೇಲೆ ಬಂದು, ಜಗಲಿ ಮೇಲೆ ಕೂತು, ಮನೆತನದ ವಂಶಾವಳಿ ಎಲ್ಲಾ ಹೇಳಿ ಕಾಳುಕಡಿ ಇಸ್ಕೊಂಡು ಹೋಗೋರು. ಅಮೆರಿಕದಲ್ಲಿ ಆ ಕೆಲಸ ನಾವೇ ಮಾಡ್ಕೋಬೇಕು.

ನನ್ನ ಹೆಂಡತಿ ಓಹಾಯೋದವಳು, ಹಳೇ ರೈತರ ಮನೆತನ. ಆರು ತಲೆಮಾರು ಹಿಂದಿನ ಅಜ್ಜಿ ಯಾರ ಮಗಳು ಅಂತ ತಿಳ್ಕೋಬೇಕು ಅನ್ನೋದು ನಮ್ಮತ್ತೆ ಹಠ. ಗಂಡನ ಸರ್‌ನೇಮ್ ಗೊತ್ತು, ತವರಿಂದು ಗೊತ್ತಿಲ್ಲ. ಆನ್‌ಲೈನ್‌ನಲ್ಲಿ ಯಾರೋ ಮಾಡಿಟ್ಟಿದ್ದ ಫ್ಯಾಮಿಲಿ ಟ್ರೀ, ಅಂದ್ರೆ ವಂಶವೃಕ್ಷ, ಸಿಕ್ತು, ಖುಷಿಯಾಗಿ ಕಾಪಿ ಹೊಡ್ಕೊಂಡೆ, ಆರು ತಿಂಗಳಾದ್ಮೇಲೆ ಕೂತು ಲೆಕ್ಕ ಹಾಕಿದ್ರೆ ಅಜ್ಜಿ ಒಂಬತ್ತನೇ ವರ್ಷಕ್ಕೇ ಹೆತ್ತಂಗಾಯ್ತು! ಒಂದೇ ಹೆಸರಿನ ಇಬ್ಬರನ್ನ ಅಪ್ಪ ಮಗ ಮಾಡಿಬಿಟ್ಟಿದ್ರು. ಆಗೆಲ್ಲ ಸೀನಿಯರ್ ಜೂನಿಯರ್ ಅಂದ್ರೆ ಅಪ್ಪ ಮಗನೇ ಆಗ್ಬೇಕಂತಿಲ್ಲ, ನಮ್ಮಲ್ಲಿ ದೊಡ್ಡ ಬಸಪ್ಪ ಸಣ್ಣ ಬಸಪ್ಪ ಅಂತೀವಲ್ಲ ಹಂಗೆ.

ಎಲ್ಲಾ ಅಳಿಸಿ ಸಮಾಧಿಯಿಂದ ಶುರು ಮಾಡ್ದೆ. ಮೆಕ್ಕೆಜೋಳದ ಹೊಲದ ಮಧ್ಯೆ ಸಣ್ಣ ಸ್ಮಶಾನ, ಕಲ್ಲಿನ ಅಕ್ಷರ ಸವೆದು ನುಣ್ಣಗಾಗಿದೆ. ಕೆಲವರು ಶೇವಿಂಗ್ ಕ್ರೀಮ್ ಬಳೀತಾರೆ, ದಯವಿಟ್ಟು ಬೇಡ, ಕಲ್ಲು ಹಾಳಾಗುತ್ತೆ. ನಾನು ಮನೆಯಿಂದ ಉದ್ದ ಕನ್ನಡಿ ಒಯ್ದು ಬಿಸಿಲನ್ನ ಪಕ್ಕದಿಂದ ಓರೆಯಾಗಿ ಬಿಟ್ಟೆ, ಅಕ್ಷರ ಎದ್ದು ಬಂತು. ಇಂಥವನ 'ರೆಲಿಕ್ಟ್', ಅಂದ್ರೆ ವಿಧವೆ, ಸತ್ತಿದ್ದು 1849 ಮಾರ್ಚ್ 9, ವಯಸ್ಸು 61 ವರ್ಷ 4 ತಿಂಗಳು 20 ದಿನ. ಕಳೆದ್ರೆ ಹುಟ್ಟಿದ್ದು 1787 ಅಕ್ಟೋಬರ್ 20ರ ಆಜುಬಾಜು.

ನೋಡಿ ಎಂಥಾ ಗ್ರಹಚಾರ. ಸೆನ್ಸಸ್‌ನಲ್ಲಿ ಮನೆಯವರೆಲ್ಲರ ಹೆಸರು ಬರೆಯೋಕೆ ಶುರು ಮಾಡಿದ್ದೇ 1850ರಲ್ಲಿ (ಅದೂ ಗುಲಾಮರನ್ನ ಬಿಟ್ಟು), ಈಯಮ್ಮ ಅದಕ್ಕೆ ಒಂದು ವರ್ಷ ಮುಂಚೆ ಹೋಗಿಬಿಟ್ಲು. ಅದಕ್ಕೂ ಮುಂಚೆ ಮನೆ ಯಜಮಾನನ ಹೆಸರು ಮಾತ್ರ, ಉಳಿದವರು ಬರೀ ಲೆಕ್ಕ. 1830ರಲ್ಲಿ ಗಂಡನ ಹೆಸರಿನ ಮುಂದೆ ನಲವತ್ತರಿಂದ ಐವತ್ತರ ಹೆಂಗಸರ ಕಾಲಮ್‌ನಲ್ಲಿ ಒಂದು ಅಂತಿದೆ ನೋಡಿ, ಅದೇ ಇವಳು. ಓಹಾಯೋದಲ್ಲಿ ಜನನ ಮರಣ ದಾಖಲೆ ಶುರುವಾಗಿದ್ದು 1867ರಲ್ಲಿ. ಮದುವೆ ದಾಖಲೆ ನೋಡೋಣ ಅಂದ್ರೆ, 1850ರ ಸೆನ್ಸಸ್ ಪ್ರಕಾರ ಹಿರೇ ಮಗ ಹುಟ್ಟಿದ್ದು ಪೆನ್ಸಿಲ್ವೇನಿಯಾದಲ್ಲಿ, ಅಲ್ಲಿ ಮದುವೆ ಲೈಸೆನ್ಸ್ ಬಂದಿದ್ದೇ 1885ಕ್ಕೆ.

ಆ ಮಗನೇ ದಾರಿ ತೋರಿಸಿದ. ಅವನ ಮದುವೆ ರೆಕಾರ್ಡಲ್ಲಿ ಮಿಡಲ್ ನೇಮ್ ಪೂರ್ತಿ ಬರೆದಿತ್ತು, ನೋಡಿದ್ರೆ ಅದು ಯಾರದೋ ಸರ್‌ನೇಮ್. ತಾಯಿ ತವರಿನ ಹೆಸರನ್ನ ಹಿಂಗೆ ಮಗನಿಗೆ ಇಡೋ ರೂಢಿ ಆಗ ತುಂಬಾ ಇತ್ತು. 1820ರ ಸೆನ್ಸಸ್ ಪುಟ ಮತ್ತೆ ತೆಗೆದೆ, ನಮ್ಮಜ್ಜಿ ಗಂಡನಿಂದ ಮೂರು ಸಾಲು ಮೇಲೆ ಅದೇ ಸರ್‌ನೇಮಿನ ಮುದುಕ ಕೂತಿದಾನೆ! ಎಷ್ಟು ಸಲ ಕಣ್ಣಾಡಿಸಿದ್ದೆ ಆ ಪುಟದ ಮೇಲೆ. ಹೆಸರುಗಳು ಅಕಾರಾದಿಯಾಗಿ ಇರ್ಲಿಲ್ಲ, ಅಂದ್ರೆ ಸೆನ್ಸಸ್‌ನವನು ಮನೆಯಿಂದ ಮನೆಗೆ ಹೋದ ಕ್ರಮದಲ್ಲೇ ಬರ್ಕೊಂಡಿದಾನೆ. ಸರ್ಕಾರದಿಂದ ಜಮೀನು ಕೊಂಡಿದ್ದಕ್ಕೆ ಕೊಟ್ಟ ಪೇಟೆಂಟ್‌ಗಳು, ಅಂದ್ರೆ ಹಕ್ಕುಪತ್ರಗಳು, ಬ್ಯೂರೋ ಆಫ್ ಲ್ಯಾಂಡ್ ಮ್ಯಾನೇಜ್‌ಮೆಂಟ್ ಅನ್ನೋ ಸರ್ಕಾರಿ ಇಲಾಖೆ ಸೈಟಲ್ಲಿ ಪುಕ್ಕಟೆ ಸಿಗ್ತವೆ, ಅದರಲ್ಲಿ ನೋಡಿದ್ರೆ ಇಬ್ಬರದೂ ಒಂದೇ ಸೆಕ್ಷನ್, ಅಂದ್ರೆ 640 ಎಕರೆಯೊಳಗೆ, 160 ಎಕರೆಯ ಎರಡು ತುಂಡು, ಬದುವಿಗೆ ಬದು.

ಆದ್ರೂ ಪಕ್ಕದ ಹೊಲದೋನು ಅಂದ ಮಾತ್ರಕ್ಕೆ ಮಾವ ಆಗೋಲ್ಲ. ಫ್ಯಾಮಿಲಿಸರ್ಚ್ ಅನ್ನೋ ವಂಶಾವಳಿ ವೆಬ್‌ಸೈಟ್‌ನಲ್ಲಿ ಈಗ ಹಳೇ ಕೈಬರಹದ ಕ್ರಯಪತ್ರ, ವಿಲ್ ಎಲ್ಲಾ ಕಂಪ್ಯೂಟರೇ ಓದಿ ಫುಲ್ ಟೆಕ್ಸ್ಟ್ ಸರ್ಚ್‌ಗೆ ಕೊಟ್ಟಿದಾರೆ, ಅದರಲ್ಲಿ ನಮ್ಮೋರ ಹೆಸರು ಬಿಟ್ಟು ಮುದುಕನ ಹೆಸರು ಹಾಕ್ದೆ. 1831ರ ಡೀಡ್ ಬಂತು. ಮುದುಕ ವಿಲ್ ಬರೀದೆ ಸತ್ತಿದಾನೆ, ಆರು ಮಕ್ಕಳು ಸೇರಿ ಹೊಲ ಮಾರ್ತಿದಾರೆ, ಹೆಣ್ಣುಮಕ್ಕಳ ಜೊತೆ ಗಂಡಂದಿರ ಹೆಸರೂ ಇದೆ, ಮೂರನೇದು ನಮ್ಮಜ್ಜಿ. ಗಂಡನ ಸ್ಪೆಲ್ಲಿಂಗ್ ತಪ್ಪಾಗಿತ್ತು, ಅದಕ್ಕೇ ಎರಡು ವರ್ಷ ಸಿಕ್ಕಿರ್ಲಿಲ್ಲ. ಕೊನೇಲಿ, ಇವಳನ್ನ ಗಂಡನಿಂದ ಬೇರೆ ನಿಲ್ಲಿಸಿ ವಿಚಾರಿಸಿದೀವಿ, ಯಾರ ಬಲವಂತನೂ ಇಲ್ಲದೆ ಒಪ್ಪಿದಾಳೆ ಅಂತ ಬರೆದಿದೆ, ಆಗಿನ ಕಾನೂನು ಹಂಗಿತ್ತು. ಹೆಸರಿನ ಪಕ್ಕ ಸಹಿ ಬದಲು ಒಂದು ಎಕ್ಸ್ ಗುರುತು.

ಅತ್ತೆ ಆ ಪುಟ ಪ್ರಿಂಟ್ ಹಾಕಿಸಿ ಫ್ರಿಜ್ ಮೇಲೆ ಅಂಟಿಸಿದಾರೆ, ಎಕ್ಸ್‌ಗೆ ಪೆನ್ಸಿಲ್‌ನಲ್ಲಿ ಸುತ್ತು ಹಾಕಿ. ಕೌಂಟಿ ಪುಸ್ತಕದಲ್ಲಿರೋದು ಗುಮಾಸ್ತ ನಕಲು ಮಾಡಿದ್ದು, ಅದು ಅಜ್ಜಿ ಕೈಯಿಂದ ಹಾಕಿದ್ದಲ್ಲ ಅಂತ ಹೇಳ್ದೆ. ಕಿವಿಗೇ ಹಾಕ್ಕೊಳ್ಳಲಿಲ್ಲ.